ಕಾಡಿನಲ್ಲಿ ಕಳೆದುಹೋದ ಬಾಲಕ, ಕೆರೆ ಕಟ್ಟಿಸಿದ ಶಿವಯೋಗಿ



ಹನ್ನೆರಡನೆಯ ಶತಮಾನದ ಸೊನ್ನಲಿಗೆಯೇ ಇಂದಿನ ಮಹಾರಾಷ್ಟ್ರದ ಸೊಲ್ಲಾಪುರ. ಅಲ್ಲಿಯ ಮುದ್ದುಗೌಡ ಮತ್ತು ಸುಗ್ಗವ್ವೆಯರ ಮಗ ಸಿದ್ಧರಾಮನು ಬಾಲ್ಯದಲ್ಲಿ ಮಿತಭಾಷಿ. ದನ ಕಾಯುತ್ತಿದ್ದ ಅವನನ್ನು ಊರವರು ಮಂಕನೆಂದೇ ಬಗೆದಿದ್ದರು. ಹರಿಹರನ ಸೋದರಳಿಯನಾದ ರಾಘವಾಂಕನು 'ಸಿದ್ಧರಾಮ ಚಾರಿತ್ರ'ದಲ್ಲಿ ಈ ಬಾಲಕನ ಕಥೆಯನ್ನು ನಿರೂಪಿಸಿದ್ದಾನೆ. ಅದು ಕಾವ್ಯ, ಪವಾಡಗಳೂ ಉಂಟು. ಆದರೆ ಒಂದು ಮಗುವಿನ ಸಂಕಟ ಅಲ್ಲಿ ನಿಜವಾಗಿ ಮೂಡಿದೆ.

ಹೊಲಕ್ಕೆ ಬಂದ ಜಂಗಮನೊಬ್ಬನು ತಾನು ಶ್ರೀಶೈಲದ ಮಲ್ಲಯ್ಯನೆಂದು ಹೇಳಿ ಆಹಾರ ಬೇಡಿದನು. ಬಾಲಕನು ಮನೆಗೆ ಓಡಿ ಮಜ್ಜಿಗೆ ತರುವಷ್ಟರಲ್ಲಿ ಆತನು ಮರೆಯಾಗಿದ್ದನು. ಅಳುತ್ತ ಹುಡುಕುತ್ತಿದ್ದ ಮಗುವನ್ನು ಯಾತ್ರಿಕರು ತಮ್ಮೊಡನೆ ಶ್ರೀಶೈಲಕ್ಕೆ ಕರೆದೊಯ್ದು ಗುಡಿಯ ಲಿಂಗವನ್ನು ತೋರಿಸಿದರು. ತನ್ನೊಡನೆ ಮಾತನಾಡಿದ ಮಲ್ಲಯ್ಯನೇ ಬೇಕೆಂದು ಹಟ ಹಿಡಿದ ಬಾಲಕನು ಒಬ್ಬಂಟಿಯಾಗಿ ಕಾಡು ಹೊಕ್ಕನು. ಕೂಗಿ ಕೂಗಿ ಬಳಲಿ, ಕೊನೆಗೆ ಆಳವಾದ ಕಮರಿಗೆ ಹಾರಲು ಮುಂದಾದಾಗ ಮಲ್ಲಿಕಾರ್ಜುನನು ಅವನ ಕೈಹಿಡಿದನು.

ಭಕ್ತರು ಸಾಮಾನ್ಯವಾಗಿ ಕಥೆಯನ್ನು ಇಲ್ಲಿಗೇ ನಿಲ್ಲಿಸುತ್ತಾರೆ. ಮುಂದಿನದೇ ಮುಖ್ಯ. ದೇವರು ಮಗುವನ್ನು ತನ್ನ ಬಳಿ ಉಳಿಸಿಕೊಳ್ಳಲಿಲ್ಲ. ಸೊನ್ನಲಿಗೆಯನ್ನೇ ಅಭಿನವ ಶ್ರೀಶೈಲವಾಗಿಸೆಂದು ಮರಳಿ ಕಳುಹಿಸಿದನು. ನೀರಡಿಸಿ ಅಲೆದವನು ಊರಿಗೆ ಕೆರೆ ಕಟ್ಟಿಸಿದನು. ದಾರಿ ತಪ್ಪಿದವನು ಅನೇಕರಿಗೆ ದುಡಿಮೆಯ ದಾರಿ ತೋರಿದನು. ಆ ಕೆರೆಯ ನಡುವೆ ಸಿದ್ಧೇಶ್ವರ ದೇವಾಲಯವಿದೆ. ಪ್ರತಿ ವರ್ಷ ಮಕರ ಸಂಕ್ರಾಂತಿಯಂದು ಅಲ್ಲಿ ಜಾತ್ರೆ ನೆರೆಯುತ್ತದೆ.

ಆದರೂ ಅವನ ಹುಡುಕಾಟ ಮುಗಿದಿರಲಿಲ್ಲ. 'ಶೂನ್ಯಸಂಪಾದನೆ'ಯಂತೆ, ಕೆರೆಯ ಕೆಲಸ ನಡೆದಿದ್ದಾಗ ಅಲ್ಲಮಪ್ರಭುಗಳು ಬಂದು, ಹೊರಗೆ ಕಟ್ಟಿದ್ದನ್ನೇ ಸಾಧನೆಯೆಂದು ನಂಬಿದ್ದ ಅವನ ಭಾವವನ್ನು ಪ್ರಶ್ನಿಸಿ ಕಲ್ಯಾಣಕ್ಕೆ ಕರೆದೊಯ್ದರು. ಅಲ್ಲಿ ಚನ್ನಬಸವಣ್ಣನವರಿಂದ ಇಷ್ಟಲಿಂಗ ದೀಕ್ಷೆಯಾಯಿತು. ಬಾಲ್ಯದಲ್ಲಿ ಕಾಡಿನಲ್ಲಿ ಅರಸಿದ, ಯೌವನದಲ್ಲಿ ಗುಡಿಗಳಲ್ಲಿ ಪ್ರತಿಷ್ಠಾಪಿಸಿದ ದೈವ ಕೊನೆಗೆ ಅವನ ಅಂಗೈಗೇ ಬಂದಿತು.

ಸ್ವಾವಲಂಬನೆಯೆಂದರೆ ಯಾರ ನೆರವೂ ಬೇಡವೆಂಬ ಬಿಗುಮಾನವಲ್ಲ ಎಂಬುದನ್ನು ಸಿದ್ಧರಾಮರ ಬದುಕು ತಿಳಿಸುತ್ತದೆ. ಯಾತ್ರಿಕರ ಜೊತೆ, ಕಮರಿಯ ಅಂಚಿನಲ್ಲಿ ದೊರೆತ ಕೈ, ಪ್ರಭುಗಳ ಕಟು ಪ್ರಶ್ನೆ ಎಲ್ಲವನ್ನೂ ಅವರು ಸ್ವೀಕರಿಸಿದರು. ಪ್ರತಿ ಬಾರಿಯೂ ಮುಂದಿನ ಹೆಜ್ಜೆಯನ್ನು ಮಾತ್ರ ತಾವೇ ಇಟ್ಟರು. ನಮ್ಮ ಮಕ್ಕಳಿಗೆ ನಾವು ಕೈ ನೀಡೋಣ. ಅವರು ಎದ್ದು ನಿಂತ ಮೇಲೆ ಬಿಡುವುದನ್ನೂ ಕಲಿಯೋಣ.