ರೋಮಿನ ಖಡ್ಗಮಲ್ಲರೂ ಬೆಳ್ಳಿತೆರೆಯೂ

ಪ್ರಾಚೀನ ರೋಮಿನ ಗ್ಲೇಡಿಯೇಟರುಗಳನ್ನು ಚರಿತ್ರೆಯ ಗ್ರಂಥಗಳಿಂದ ಬಲ್ಲವರಿಗಿಂತ ಚಲನಚಿತ್ರಗಳಿಂದ ಬಲ್ಲವರೇ ಹೆಚ್ಚು. ಲ್ಯಾಟಿನ್ ಭಾಷೆಯಲ್ಲಿ 'ಗ್ಲೇಡಿಯಸ್' ಎಂದರೆ ಖಡ್ಗ. ಅದನ್ನು ಹಿಡಿದು ಜನರೆದುರು ಕಾದುವವನನ್ನು ನಾವು ಖಡ್ಗಮಲ್ಲನೆಂದು ಕರೆಯಬಹುದು. ಈ ಮಾತು ಕಿವಿಗೆ ಬಿದ್ದೊಡನೆ ನಮ್ಮ ಕಣ್ಣಿಗೆ ಕಟ್ಟುವುದೇನು? ಕಿಕ್ಕಿರಿದ ರಂಗ, ಮರಳಿನ ಮೇಲೆ ಬಿದ್ದಿರುವ ಸೋತವನು, ಎತ್ತರದ ಪೀಠದಲ್ಲಿ ಚಕ್ರವರ್ತಿ, ಕೆಳಮುಖವಾಗಿ ತಿರುಗುವ ಅವನ ಹೆಬ್ಬೆರಳು. ಇದರಲ್ಲಿ ಚರಿತ್ರೆಯ ಪಾಲೆಷ್ಟು, ಕಲ್ಪನೆಯ ಪಾಲೆಷ್ಟು ಎಂಬುದನ್ನು ಕೊಂಚ ವಿಚಾರಿಸೋಣ.

ರೋಮಿನಲ್ಲಿ ಈ ಕಾಳಗ ಮೊದಲಿಗೆ ವಿನೋದವಾಗಿರಲಿಲ್ಲ, ಉತ್ತರಕ್ರಿಯೆಯ ಅಂಗವಾಗಿತ್ತು. ಕ್ರಿ. ಪೂ. 264ರಲ್ಲಿ ಬ್ರೂಟಸ್ ಪೇರ ಎಂಬ ಗಣ್ಯನು ಕಾಲವಾದಾಗ ಅವನ ಮಕ್ಕಳು ದನದ ಸಂತೆಯ ಬಯಲಿನಲ್ಲಿ ಮೂರು ಜೊತೆ ಖಡ್ಗಮಲ್ಲರನ್ನು ಕಾದಾಡಿಸಿದರು. ರೋಮಿನ ಮಟ್ಟಿಗೆ ಇದೇ ಮೊದಲ ದಾಖಲೆ. ಇದಕ್ಕೆ 'ಮೂನಸ್' ಎಂದು ಹೆಸರು. ಕರ್ತವ್ಯವೆಂದೂ ಕಾಣಿಕೆಯೆಂದೂ ಆ ಪದಕ್ಕೆ ಅರ್ಥವುಂಟು. ಕಾಲಕ್ರಮದಲ್ಲಿ ಮೃತರು ನೆಪಮಾತ್ರವಾಗಿ, ಬದುಕಿರುವ ಮತದಾರರೇ ಮುಖ್ಯರಾದರು. ಕ್ರಿ. ಪೂ. 65ರಲ್ಲಿ ಜೂಲಿಯಸ್ ಸೀಸರನು, ಇಪ್ಪತ್ತು ವರ್ಷಗಳ ಹಿಂದೆ ತೀರಿಹೋಗಿದ್ದ ತಂದೆಯ ಹೆಸರಿನಲ್ಲಿ 320 ಜೊತೆಗಳನ್ನು ರಂಗಕ್ಕಿಳಿಸಿದನು. ಕ್ರಿ. ಶ. 80ರಲ್ಲಿ ಟೈಟಸ್ ಚಕ್ರವರ್ತಿಯು ಕೊಲೋಸಿಯಮ್ ಎಂಬ ಮಹಾರಂಗವನ್ನು ತೆರೆದಾಗ ಉತ್ಸವವು ನೂರು ದಿನ ನಡೆಯಿತು.

ಸೋತವರೆಲ್ಲ ಸಾಯುತ್ತಿದ್ದರೆಂಬ ನಂಬಿಕೆ ನಿಜವಲ್ಲ. ಸಿಸಿಲಿ ದ್ವೀಪದಲ್ಲಿ ಫ್ಲಾಮ ಎಂಬವನ ಸಮಾಧಿಶಿಲೆ ದೊರೆತಿದೆ. ಫ್ಲಾಮ ಎಂದರೆ ಜ್ವಾಲೆ. ಸಿರಿಯಾ ದೇಶದ ಈತನು ಮೂವತ್ತು ವರ್ಷ ಬದುಕಿ, 34 ಬಾರಿ ಕಾದಿ, 21 ಬಾರಿ ಗೆದ್ದು, 9 ಬಾರಿ ಸಮಸಮನಾಗಿ ನಿಂತು, 4 ಬಾರಿ ಸೋತೂ ಪ್ರಾಣಭಿಕ್ಷೆ ಪಡೆದನೆಂದು ಅದರಲ್ಲಿ ಕೆತ್ತಿದೆ. ಕಲ್ಲನ್ನು ನಿಲ್ಲಿಸಿದವನು ಅವನ ಜೊತೆಗಾರನೇ.

ಹೀಗೆ ಪ್ರಾಣ ಉಳಿಸುವುದಕ್ಕೆ ಕರುಣೆಯೊಂದೇ ಕಾರಣವಲ್ಲ. ಖಡ್ಗಮಲ್ಲರನ್ನು ಬಾಡಿಗೆಗೆ ಕೊಡುವ ಒಂದು ಕರಾರನ್ನು ಎರಡನೆಯ ಶತಮಾನದ ನ್ಯಾಯಶಾಸ್ತ್ರಜ್ಞ ಗಾಯಸನು ಉದಾಹರಿಸಿದ್ದಾನೆ. ಮಲ್ಲನು ಅಕ್ಷತವಾಗಿ ಹಿಂದಿರುಗಿದರೆ ಒಡೆಯನಿಗೆ 20 ದಿನಾರಿ. ಸತ್ತರೆ ಅಥವಾ ಅಂಗಹೀನನಾದರೆ 1000 ದಿನಾರಿ. ಮನುಷ್ಯನ ಪ್ರಾಣಕ್ಕೆ ಹೀಗೆ ದರ ಕಟ್ಟಿದ್ದರು; ಅದು ದುಬಾರಿಯಾದುದರಿಂದಲೇ ಎಷ್ಟೋ ಜನ ಉಳಿದುಕೊಂಡರು.

ಇನ್ನು ಹೆಬ್ಬೆರಳಿನ ಸಂಗತಿ. ಜನರು ಹೆಬ್ಬೆರಳನ್ನು 'ತಿರುಗಿಸಿ' ಕೊಲೆಗೆ ಒಪ್ಪಿಗೆ ಕೊಡುತ್ತಿದ್ದರೆಂದು ಕವಿ ಜುವೆನಾಲನು ಹೇಳುತ್ತಾನೆಯೇ ಹೊರತು ಮೇಲಕ್ಕೋ ಕೆಳಕ್ಕೋ ಎಂದು ಹೇಳಿಲ್ಲ. ಕೆಳಮುಖದ ಹೆಬ್ಬೆರಳನ್ನು ಲೋಕದ ಕಣ್ಣಿನಲ್ಲಿ ನೆಲೆಗೊಳಿಸಿದವನು ಫ್ರಾನ್ಸಿನ ಚಿತ್ರಕಾರ ಜೆರೋಮ್. 1872ರ ಅವನ ವರ್ಣಚಿತ್ರವೇ 2000ದಲ್ಲಿ ಬಂದ 'ಗ್ಲೇಡಿಯೇಟರ್' ಚಲನಚಿತ್ರಕ್ಕೆ ಸ್ಫೂರ್ತಿಯಾಯಿತು. ಆ ಚಿತ್ರದ ನಾಯಕ ಮ್ಯಾಕ್ಸಿಮಸನು ಕಲ್ಪಿತ ಪಾತ್ರ. ಅಲ್ಲಿ ಕೊಮೋಡಸ್ ಚಕ್ರವರ್ತಿಯು ರಂಗದಲ್ಲಿಯೇ ಮಡಿಯುತ್ತಾನೆ, ವಾಸ್ತವದಲ್ಲಿ ಕ್ರಿ. ಶ. 192ರ ಕೊನೆಯ ದಿನ ನಾರ್ಸಿಸಸ್ ಎಂಬ ಜಟ್ಟಿಯು ಅವನ ಕತ್ತು ಹಿಸುಕಿ ಕೊಂದನು. ಕೊಮೋಡಸನು ತಾನೇ ಖಡ್ಗಮಲ್ಲನಾಗಿ ರಂಗಕ್ಕೆ ಇಳಿಯುತ್ತಿದ್ದುದು ಮಾತ್ರ ದಿಟ. 1960ರ 'ಸ್ಪಾರ್ಟಕಸ್' ಚಿತ್ರದಲ್ಲಿ ದಂಗೆಯ ನಾಯಕನನ್ನು ಶಿಲುಬೆಗೇರಿಸಲಾಗುತ್ತದೆ. ಪ್ರಾಚೀನ ಚರಿತ್ರಕಾರರ ಪ್ರಕಾರ ಅವನು ಕ್ರಿ. ಪೂ. 71ರಲ್ಲಿ ರಣರಂಗದಲ್ಲಿ ಕಾದುತ್ತಲೇ ಬಿದ್ದನು. ಸೆರೆಸಿಕ್ಕ ಆರು ಸಾವಿರ ಅನುಯಾಯಿಗಳನ್ನು ಕಾಪುವಾದಿಂದ ರೋಮಿನವರೆಗೆ ದಾರಿಯುದ್ದಕ್ಕೂ ಶಿಲುಬೆಗೇರಿಸಿದುದು ನಿಜ.

ಕಥೆಗಾಗಿ ಇಷ್ಟು ಸ್ವಾತಂತ್ರ್ಯ ವಹಿಸುವುದು ಕ್ಷಮ್ಯವೆನ್ನೋಣ. ಆದರೆ ಚಲನಚಿತ್ರಗಳು ಇನ್ನೊಂದು ಉಪಕಾರವನ್ನು ನಮಗೆ ಮಾಡಿಕೊಡುತ್ತವೆ, ಅದು ಕ್ಷಮ್ಯವಲ್ಲ. ಪಾಪವೆಲ್ಲವನ್ನೂ ಒಬ್ಬ ದುಷ್ಟ ಚಕ್ರವರ್ತಿಯ ಹೆಬ್ಬೆರಳಿಗೆ ಅಂಟಿಸಿ ನೋಟಕರನ್ನು ಬಿಡುಗಡೆ ಮಾಡುತ್ತವೆ. ರೋಮಿನಲ್ಲಿ ತೀರ್ಪು ಕಾಳಗವನ್ನು ಏರ್ಪಡಿಸಿದವನದು; ಅವನು ಕಿವಿಗೊಡುತ್ತಿದ್ದುದು ಜನರ ಕೂಗಿಗೆ.

ಇದನ್ನು ಚೆನ್ನಾಗಿ ಅರಿತಿದ್ದವನು ಸಂತ ಅಗಸ್ಟೀನ್. ಅವನ ಮಿತ್ರನಾದ ಅಲಿಪಿಯಸನು ನ್ಯಾಯಶಾಸ್ತ್ರ ಕಲಿಯಲು ರೋಮಿಗೆ ಬಂದಿದ್ದ ಸಾತ್ತ್ವಿಕ ತರುಣ. ಒಮ್ಮೆ ಗೆಳೆಯರು ಬಲವಂತವಾಗಿ ರಂಗಕ್ಕೆ ಎಳೆದೊಯ್ದಾಗ ಅವನು ಕಣ್ಣು ಮುಚ್ಚಿ ಕುಳಿತನಂತೆ. ಆದರೆ ಕಿವಿ ಮುಚ್ಚಿಕೊಳ್ಳಲಿಲ್ಲ. ಯಾರೋ ಬಿದ್ದಾಗ ಎದ್ದ ಬೊಬ್ಬೆಯನ್ನು ಕೇಳಿ ಕುತೂಹಲ ತಡೆಯಲಾರದೆ ಕಣ್ಣು ತೆರೆದನು. ರಕ್ತವನ್ನು ಕಂಡು ಮೈಮರೆತನು, ತಾನೂ ಕೂಗಿದನು. ಮುಂದೆ ಇತರರನ್ನೂ ಕರೆದುಕೊಂಡು ಬರತೊಡಗಿದನು. ಅವನನ್ನು ಯಾವ ಚಕ್ರವರ್ತಿಯೂ ಕೆಡಿಸಲಿಲ್ಲ. ಪಕ್ಕದಲ್ಲಿ ಕುಳಿತವರ ಕೂಗು ಕೆಡಿಸಿತು.

ಐದನೆಯ ಶತಮಾನದ ಲೇಖಕ ಥಿಯೊಡೊರೆಟನು ಟೆಲಿಮೇಕಸ್ ಎಂಬ ಸಂನ್ಯಾಸಿಯ ಕಥೆಯನ್ನು ಹೇಳುತ್ತಾನೆ. ಕಾದುವವರನ್ನು ಬಿಡಿಸಲು ಈತನು ರಂಗಕ್ಕೆ ಇಳಿದಾಗ, ವಿನೋದಕ್ಕೆ ಅಡ್ಡಿಯಾಯಿತೆಂದು ಪ್ರೇಕ್ಷಕರೇ ಅವನನ್ನು ಕಲ್ಲೆಸೆದು ಕೊಂದರಂತೆ. ಹೊನೋರಿಯಸ್ ಚಕ್ರವರ್ತಿಯು ಈ ಕಾಳಗಗಳನ್ನು ನಿಲ್ಲಿಸಿದುದು ಇದಾದ ಮೇಲೆ ಎಂದು ಥಿಯೊಡೊರೆಟನ ಹೇಳಿಕೆ. ಅಂದರೆ ಇಲ್ಲಿ ನಿಲ್ಲಿಸಿದವನು ಚಕ್ರವರ್ತಿ, ಕೊಂದವರು ಪ್ರೇಕ್ಷಕರು.

ತೆರೆಯ ಮೇಲಿನ ರಕ್ತ ಬಣ್ಣದ ನೀರು, ಅಲ್ಲಿ ಯಾರೂ ಸಾಯುವುದಿಲ್ಲ ಎಂಬುದು ದೊಡ್ಡ ಸಮಾಧಾನವೇ ಸರಿ. ಆದರೂ ಇಂತಹ ಚಿತ್ರವನ್ನು ನೋಡುವಾಗ ನಾವು ಕುಳಿತಿರುವುದು ಖಡ್ಗಮಲ್ಲನ ಮರಳಿನ ಮೇಲೂ ಅಲ್ಲ, ಚಕ್ರವರ್ತಿಯ ಪೀಠದ ಮೇಲೂ ಅಲ್ಲ. ಅಲಿಪಿಯಸನ ಸಾಲಿನಲ್ಲಿ ಕುಳಿತಿದ್ದೇವೆ. ಸೋತವನು ಬಿದ್ದ ಕ್ಷಣದಲ್ಲಿ ನಮ್ಮ ಬಾಯಿಂದ ಹೊರಡುವ ಸ್ವರ ಯಾವುದೆಂದು ಕೇಳಿಕೊಳ್ಳುವುದು ಒಳ್ಳೆಯದು.