ಹುಬ್ಬಳ್ಳಿ ವಿಮಾನ ನಿಲ್ದಾಣ: ಇತಿಹಾಸ, ಸೌಲಭ್ಯ ಹಾಗೂ ರೋಣ–ನರಗುಂದ–ಗಜೇಂದ್ರಗಡ ಪರಿಸರ

ಮಲಪ್ರಭೆಯ ದಕ್ಷಿಣಕ್ಕಿರುವ ನರಗುಂದ, ರೋಣ ಮತ್ತು ಗಜೇಂದ್ರಗಡ ಪ್ರದೇಶವು ರಾಜಕೀಯ ಇತಿಹಾಸದಲ್ಲಿ ಮೂಲೆಯ ನಾಡಾಗಿರಲಿಲ್ಲ. 1787ರಲ್ಲಿ ಟಿಪ್ಪು ಸುಲ್ತಾನ ಮತ್ತು ಮರಾಠರ ನಡುವಿನ ಒಪ್ಪಂದ ಗಜೇಂದ್ರಗಡದ ಹೆಸರಿನಲ್ಲಿಯೇ ಪ್ರಸಿದ್ಧವಾಗಿದೆ. 1858ರಲ್ಲಿ ನರಗುಂದದ ಬಾಬಾಸಾಹೇಬ ಭಾಸ್ಕರರಾವ್ ಭಾವೆ ಬ್ರಿಟಿಷರ ವಿರುದ್ಧ ಬಂಡೆದ್ದನು. ಸೈನ್ಯಗಳ ಸಂಚಾರಮಾರ್ಗದಲ್ಲಿದ್ದ ಈ ಕೋಟೆ ಊರುಗಳು ಆಧುನಿಕ ಸಾರಿಗೆಯ ಕಾಲದಲ್ಲಿ ಮಾತ್ರ ಬದಿಗೆ ಸರಿದವು. 1884ರ ಹೊತ್ತಿಗೆ ಸದರ್ನ್ ಮರಾಠಾ ರೈಲ್ವೆಯ ಗದಗ–ಹೊಟಗಿ ಮಾರ್ಗವು ರೋಣ ತಾಲ್ಲೂಕಿನ ಮಲ್ಲಾಪುರ, ಹೊಳೆಆಲೂರುಗಳನ್ನು ಹಾದುಹೋಯಿತು. ಆದರೆ ರೋಣ ಪಟ್ಟಣದೊಳಗಾಗಲಿ, ನರಗುಂದ ಮತ್ತು ಗಜೇಂದ್ರಗಡಗಳಿಗಾಗಲಿ ಹಳಿ ಬರಲಿಲ್ಲ. ಸುತ್ತ ನೆಲವಿದ್ದರೂ ಸಂಪರ್ಕದ ದೃಷ್ಟಿಯಿಂದ ಇವು ದ್ವೀಪಗಳಂತೆಯೇ ಉಳಿದವು. ಈ ಭಾಗಕ್ಕೆ ಹತ್ತಿರದ ವಿಮಾನ ನಿಲ್ದಾಣವಾದ ಹುಬ್ಬಳ್ಳಿಯ ಇತಿಹಾಸವನ್ನು ಈ ಹಿನ್ನೆಲೆಯಲ್ಲಿಯೇ ಪರಿಶೀಲಿಸಬೇಕಾಗುತ್ತದೆ.

ಪೂರ್ವ ಹಿನ್ನೆಲೆ

ಉತ್ತರ ಕರ್ನಾಟಕಕ್ಕೆ ವಿಮಾನದ ಪರಿಚಯವಾದದ್ದು ಪ್ರಯಾಣಿಕರಿಂದಲ್ಲ, ಅಂಚೆಯಿಂದ. 1932ರ ಅಕ್ಟೋಬರಿನಲ್ಲಿ ಜೆ.ಆರ್.ಡಿ. ಟಾಟಾ ಅವರು ಕರಾಚಿಯಿಂದ ಮುಂಬಯಿಗೆ ತಂದ ಅಂಚೆಯನ್ನು ನೆವಿಲ್ ವಿನ್ಸೆಂಟ್ ಅವರು ಬಳ್ಳಾರಿಯ ಮೂಲಕ ಮದರಾಸಿಗೆ ಒಯ್ದರು. ಎರಡನೆಯ ಮಹಾಯುದ್ಧದ ಅವಧಿಯಲ್ಲಿ, 1942ರಲ್ಲಿ, ಬ್ರಿಟಿಷ್ ವಾಯುಪಡೆಯು ಬೆಳಗಾವಿಯ ಸಾಂಬ್ರಾದಲ್ಲಿ ವಿಮಾನ ನೆಲೆಯನ್ನು ನಿರ್ಮಿಸಿತು. ಒಂದು ಅಂಚೆಯ ಅಗತ್ಯ, ಮತ್ತೊಂದು ಯುದ್ಧದ ಅಗತ್ಯ. ಸ್ಥಳೀಯ ಜನರ ಪ್ರಯಾಣವು ಇವೆರಡರ ಉದ್ದೇಶವೂ ಆಗಿರಲಿಲ್ಲ.

ನಿರ್ಮಾಣ ಮತ್ತು ಮೊದಲ ಘಟ್ಟ

ಹುಬ್ಬಳ್ಳಿಯ ಗೋಕುಲ ರಸ್ತೆಯ ವಿಮಾನ ನಿಲ್ದಾಣವು ಈ ದೃಷ್ಟಿಯಿಂದ ಭಿನ್ನವಾದುದು. 1974ರಲ್ಲಿ ಅದನ್ನು ಕಟ್ಟಿದುದು ರಾಜ್ಯದ ಲೋಕೋಪಯೋಗಿ ಇಲಾಖೆ. ಅಂದು ರೋಣ ಮತ್ತು ನರಗುಂದ ತಾಲ್ಲೂಕುಗಳು ಧಾರವಾಡ ಜಿಲ್ಲೆಗೇ ಸೇರಿದ್ದವು. ಗಜೇಂದ್ರಗಡ ರೋಣ ತಾಲ್ಲೂಕಿನ ಒಂದು ಪಟ್ಟಣವಾಗಿತ್ತು. ಆದುದರಿಂದ ನಿಲ್ದಾಣವು ಇವರ ಜಿಲ್ಲೆಯದೇ ಆಗಿತ್ತು. 1997ರಲ್ಲಿ ಗದಗ ಜಿಲ್ಲೆ ರಚನೆಯಾದ ಮೇಲೆ ಅದು ನೆರೆಜಿಲ್ಲೆಯ ಸೌಲಭ್ಯವಾಯಿತು.

ಆರಂಭದ ರನ್‌ವೇಯ ಉದ್ದ ಸುಮಾರು 1,670 ಮೀಟರ್. ನಿಲ್ದಾಣದ ಮುಂದಿನ ನಾಲ್ಕು ದಶಕಗಳ ಚರಿತ್ರೆಯನ್ನು ಈ ಒಂದು ಅಳತೆಯೇ ಬಹುಮಟ್ಟಿಗೆ ನಿರ್ಧರಿಸಿತು. ಹುಬ್ಬಳ್ಳಿಯು ಸಮುದ್ರಮಟ್ಟದಿಂದ ಸುಮಾರು 660 ಮೀಟರ್ ಎತ್ತರದಲ್ಲಿದೆ. ಎತ್ತರ ಹೆಚ್ಚಿದಂತೆ, ಬಿಸಿಲು ಏರಿದಂತೆ ಗಾಳಿ ತೆಳುವಾಗುತ್ತದೆ. ತೆಳುಗಾಳಿಯಲ್ಲಿ ಮೇಲೇರಲು ವಿಮಾನಕ್ಕೆ ಹೆಚ್ಚು ವೇಗವೂ ಹೆಚ್ಚು ಓಟವೂ ಬೇಕು. ಇದರಿಂದಾಗಿ ದೊಡ್ಡ ಜೆಟ್ ವಿಮಾನಗಳಿಗೆ ಇಲ್ಲಿ ಅವಕಾಶವಿರಲಿಲ್ಲ. 1981ರಲ್ಲಿ ಸ್ಥಾಪಿತವಾದ ವಾಯುದೂತ್ ಸಂಸ್ಥೆಯ ಸೇವೆ ಕೆಲಕಾಲ ನಡೆದು ನಿಂತುಹೋಯಿತು.

2003ರ ಆಗಸ್ಟಿನಲ್ಲಿ ಕ್ಯಾಪ್ಟನ್ ಜಿ.ಆರ್. ಗೋಪಿನಾಥ್ ಅವರ ಏರ್ ಡೆಕ್ಕನ್ ಸಂಸ್ಥೆಯು ತನ್ನ ಸೇವೆಯನ್ನು ಆರಂಭಿಸಿದಾಗ ಹುಬ್ಬಳ್ಳಿ ಅದರ ಮೊದಲ ಊರುಗಳಲ್ಲಿ ಒಂದಾಗಿತ್ತು. ಪಂಖಗಳಿಂದ ಚಲಿಸುವ ಎಟಿಆರ್ ವಿಮಾನಗಳಿಗೆ ಇಲ್ಲಿನ ಮೊಟಕು ರನ್‌ವೇ ಸಾಕಾಗುತ್ತಿತ್ತು. ಭಾರತದ ಅಗ್ಗದ ವಿಮಾನಯಾನದ ಆರಂಭಿಕ ಪ್ರಯೋಗ ಇಂತಹ ನಿಲ್ದಾಣಗಳಲ್ಲಿ ನಡೆಯಿತೆಂಬುದು ಗಮನಾರ್ಹ. ಆದರೆ 2008ರಲ್ಲಿ ಆ ಸಂಸ್ಥೆಯು ಕಿಂಗ್‌ಫಿಷರ್‌ನೊಂದಿಗೆ ವಿಲೀನಗೊಂಡಿತು. 2012ರ ಅಕ್ಟೋಬರಿನಲ್ಲಿ ಕಿಂಗ್‌ಫಿಷರ್ ವಿಮಾನಗಳ ಹಾರಾಟವೇ ನಿಂತಿತು. ಸಣ್ಣ ನಿಲ್ದಾಣದ ಭವಿಷ್ಯವು ಒಂದೆರಡು ಸಂಸ್ಥೆಗಳ ಲಾಭನಷ್ಟವನ್ನು ಅವಲಂಬಿಸಿರುತ್ತದೆಯೆಂಬುದಕ್ಕೆ ಇದು ನಿದರ್ಶನ.

ವಿಸ್ತರಣೆಯ ಘಟ್ಟ

2015ರ ಮಾರ್ಚ್ 8ರಂದು ಬೆಂಗಳೂರಿನಿಂದ ಬಂದ ಸ್ಪೈಸ್‌ಜೆಟ್‌ನ ಕ್ಯೂ400 ವಿಮಾನವು ಮಳೆಯಲ್ಲಿ ಇಳಿಯುವಾಗ ರನ್‌ವೇಯಿಂದ ಪಕ್ಕಕ್ಕೆ ಸರಿದು ಹಾನಿಗೊಂಡಿತು. ಪ್ರಾಣಹಾನಿ ಸಂಭವಿಸಲಿಲ್ಲ. ವಿಸ್ತರಣೆಯ ಯೋಜನೆ ಅದಕ್ಕೂ ಮೊದಲಿನದು. ರಾಜ್ಯ ಸರಕಾರವು ಭೂಮಿಯನ್ನು ಸ್ವಾಧೀನಪಡಿಸಿಕೊಂಡು ಒದಗಿಸಿತು. ಭಾರತೀಯ ವಿಮಾನ ನಿಲ್ದಾಣಗಳ ಪ್ರಾಧಿಕಾರವು ರನ್‌ವೇಯನ್ನು 2,600 ಮೀಟರಿಗೆ ಹೆಚ್ಚಿಸಿತು. ಏರ್‌ಬಸ್ 320, ಬೋಯಿಂಗ್ 737ರಂತಹ ವಿಮಾನಗಳು ಬಂದಿಳಿಯುವುದು ಇದರಿಂದ ಸಾಧ್ಯವಾಯಿತು. ಸುಮಾರು 3,600 ಚದರ ಮೀಟರ್ ವಿಸ್ತೀರ್ಣದ ಹೊಸ ಟರ್ಮಿನಲ್ ಕಟ್ಟಡ 2017ರ ಡಿಸೆಂಬರಿನಲ್ಲಿ ಉದ್ಘಾಟನೆಗೊಂಡಿತು.

2016ರಲ್ಲಿ ಪ್ರಕಟವಾದ ಉಡಾನ್ ಯೋಜನೆಯಡಿ 2018ರಿಂದ ಹೊಸ ಮಾರ್ಗಗಳು ತೆರೆದವು. ಸುಮಾರು ಒಂದು ಗಂಟೆಯ ಹಾರಾಟದಲ್ಲಿ ನಿಗದಿತ ಆಸನಗಳಿಗೆ ಸುಮಾರು 2,500 ರೂಪಾಯಿಗಳ ಮಿತಿ ಹೇರಿ, ಕೊರತೆಯನ್ನು ಮೂರು ವರ್ಷಗಳವರೆಗೆ ಸರಕಾರವು ತುಂಬಿಕೊಡುವುದು ಈ ಯೋಜನೆಯ ಸ್ವರೂಪ. ನೆರವಿನ ಅವಧಿ ಮುಗಿದ ಮೇಲೆ ಮಾರ್ಗವು ಸ್ವಂತ ಬಲದ ಮೇಲೆ ನಿಲ್ಲಬೇಕು. ಪ್ರಯಾಣಿಕರ ಒತ್ತಡವನ್ನು ಗಮನಿಸಿ ಇನ್ನೂ ದೊಡ್ಡ ಟರ್ಮಿನಲ್ ಕಟ್ಟಡಕ್ಕೆ 2024ರ ಮಾರ್ಚ್ 10ರಂದು ಶಂಕುಸ್ಥಾಪನೆ ನೆರವೇರಿತು.

ಹಿನ್ನಾಡು ಮತ್ತು ರಸ್ತೆ

ನಿಲ್ದಾಣದ ಸೌಲಭ್ಯಗಳನ್ನು ರನ್‌ವೇ, ಟರ್ಮಿನಲ್‌ಗಳ ಲೆಕ್ಕದಲ್ಲಿ ಮುಗಿಸಿದರೆ ಅರ್ಧ ಚಿತ್ರ ಮಾತ್ರ ದೊರೆಯುತ್ತದೆ. ಮೂರು ತಾಲ್ಲೂಕುಗಳಿಗೆ ನಿಲ್ದಾಣವು ಸಮಾನ ದೂರದಲ್ಲಿಲ್ಲ. ನರಗುಂದವು ಹುಬ್ಬಳ್ಳಿ–ವಿಜಯಪುರ ಹೆದ್ದಾರಿಯ ಮೇಲಿರುವುದರಿಂದ ನವಲಗುಂದದ ಮೂಲಕ ನೇರವಾಗಿ ತಲುಪಬಹುದು. ರೋಣ ಮತ್ತು ಗಜೇಂದ್ರಗಡದವರು ಸಾಮಾನ್ಯವಾಗಿ ಗದಗಿಗೆ ಬಂದು ಅಲ್ಲಿಂದ ಹುಬ್ಬಳ್ಳಿಗೆ ಸಾಗಬೇಕು. ಮೂರರ ಪೈಕಿ ಅತಿ ದೂರದ್ದಾದ ಗಜೇಂದ್ರಗಡದಿಂದ ಹುಬ್ಬಳ್ಳಿಗೆ ಬರುವ ರಸ್ತೆ ಪ್ರಯಾಣವು ಹುಬ್ಬಳ್ಳಿಯಿಂದ ಬೆಂಗಳೂರಿಗೆ ಹಾರುವ ಅವಧಿಗಿಂತ ದೀರ್ಘವಾದುದು. ಒಂದು ಗಂಟೆಯ ಹಾರಾಟವೆಂಬ ಲೆಕ್ಕವು ಹುಬ್ಬಳ್ಳಿ ನಗರದವರಿಗೆ ನಿಜ; ಗಜೇಂದ್ರಗಡದ ನೇಕಾರಿಕೆಯ ವ್ಯಾಪಾರಿಗೆ ಅದು ಪ್ರಯಾಣದ ಒಂದು ಭಾಗ ಮಾತ್ರ. ಮಳೆ ಕೈಕೊಟ್ಟ ವರ್ಷ ಗೋವೆ, ಮಂಗಳೂರುಗಳ ಕಡೆ ಗುಳೆ ಹೋಗುವ ಕೂಲಿಕಾರರಿಗಂತೂ ಬಸ್ಸೇ ಆಧಾರ. ಗಜೇಂದ್ರಗಡವು ಪ್ರತ್ಯೇಕ ತಾಲ್ಲೂಕು ಕೇಂದ್ರವಾದ ಬಳಿಕವೂ ಈ ಸ್ಥಿತಿ ಮೂಲತಃ ಬದಲಾಗಿಲ್ಲ.

ಸಮಾರೋಪ

1974ರಿಂದ ಈಚಿನ ಬೆಳವಣಿಗೆಯಲ್ಲಿ ಒಂದು ಕ್ರಮ ಸ್ಪಷ್ಟವಾಗಿ ಕಾಣುತ್ತದೆ. ನೆಲ, ಕಟ್ಟಡ, ರನ್‌ವೇಗಳನ್ನು ಸಾರ್ವಜನಿಕ ಹಣ ಒದಗಿಸಿತು. ವಿಮಾನ ಬರುವುದು, ನಿಲ್ಲುವುದು ಮಾತ್ರ ಸಂಸ್ಥೆಗಳ ಲೆಕ್ಕಾಚಾರಕ್ಕೆ ಬಿಟ್ಟುದಾಯಿತು. ಸೇವೆ ನಿಂತಾಗಲೂ ಉಳಿದುದು ರನ್‌ವೇ. ಅದನ್ನು ವಿಸ್ತರಿಸಿದಾಗ ಸೇವೆ ಮರಳಿತು. ಆದರೆ ಸಾರ್ವಜನಿಕ ಹೂಡಿಕೆಯ ಈ ತರ್ಕವು ನಿಲ್ದಾಣದ ಗೋಡೆಯ ಬಳಿಯೇ ನಿಂತಿದೆ. ಹಳಿ ತಪ್ಪಿಹೋದ ಊರುಗಳಿಗೆ ವಿಮಾನವೂ ದೂರದ ಸಂಗತಿಯಾಗದಿರಬೇಕಾದರೆ, ಗದಗ ಮತ್ತು ನವಲಗುಂದದ ರಸ್ತೆಗಳನ್ನೂ ಅವುಗಳ ಮೇಲಿನ ಬಸ್ಸುಗಳನ್ನೂ ನಿಲ್ದಾಣದ ಸೌಲಭ್ಯಗಳೆಂದೇ ಪರಿಗಣಿಸಬೇಕಾಗುತ್ತದೆ. ಪ್ರಾದೇಶಿಕ ನಿಲ್ದಾಣವೆಂಬ ಹೆಸರಿಗೆ ಅರ್ಥ ಬರುವುದು ಆ ಪ್ರದೇಶದ ಕೊನೆಯ ಊರನ್ನು ಲೆಕ್ಕಕ್ಕೆ ಹಿಡಿದಾಗ.