ಬೇರೆಯಾಗುವುದು

ಸಿಂಧನೂರಿನ ಕಡೆಯವರು ಪರಿಚಿತರ ಸಂಸಾರವೊಂದರ ಯೋಗಕ್ಷೇಮವನ್ನು ವಿಚಾರಿಸುವಾಗ, ಮಕ್ಕಳೆಷ್ಟು, ಹೊಲವೆಷ್ಟು, ಕಾಲುವೆಯ ನೀರು ಈ ಸಲ ಕೆಳಭಾಗದವರೆಗೆ ಬಂದಿತೆ ಎಂಬ ಪ್ರಶ್ನೆಗಳೆಲ್ಲ ಮುಗಿದ ಮೇಲೆ, ದನಿಯನ್ನು ತುಸು ತಗ್ಗಿಸಿ ಕೇಳುವ ಪ್ರಶ್ನೆಯೊಂದುಂಟು: ‘ಕೂಡೇ ಅದಾರೋ, ಬ್ಯಾರೆ ಆಗ್ಯಾರೋ?’ ಅಣ್ಣತಮ್ಮಂದಿರು ಒಂದೇ ಒಲೆಯ ಅಡುಗೆಯನ್ನು ಉಣ್ಣುತ್ತಿರುವರೋ ಇಲ್ಲವೋ ಎಂಬುದಿಷ್ಟೇ ಇದರ ತಾತ್ಪರ್ಯ. ಸ್ವಾವಲಂಬನೆ, ಸ್ವಾತಂತ್ರ್ಯ, ಸ್ವಯಂಪೂರ್ಣತೆ ಮೊದಲಾದ ಶಬ್ದಗಳು ಶಾಲೆಯ ಗೋಡೆಗಳ ಮೇಲೂ ಭಾಷಣದ ವೇದಿಕೆಗಳ ಮೇಲೂ ಸುಖವಾಗಿರುವುವು; ತನ್ನ ಬಾಳನ್ನು ತಾನೇ ಹೊತ್ತು ನಡೆಯಬೇಕಾಗಿ ಬಂದ ಮನುಷ್ಯನ ವಿಷಯದಲ್ಲಿ ಈ ಸೀಮೆಯವರ ಬಾಯಿಗೆ ಮೊದಲು ಬರುವುದು ‘ಬೇರೆ’ ಎಂಬ ಎರಡಕ್ಷರ.

ಈ ಎರಡಕ್ಷರಕ್ಕೆ ಜೊತೆಯಾಗುವ ಕ್ರಿಯಾಪದ ಯಾವುದೆಂಬುದರಲ್ಲಿ ಒಂದು ಮನೆತನದ ಇತಿಹಾಸವೇ ಅಡಗಿರುವುದುಂಟು. ‘ಬ್ಯಾರೆ ಆಗ್ಯಾರ’ ಎಂದರೆ ಸಹೋದರರು ಪರಸ್ಪರ ಸಮ್ಮತಿಯಿಂದ ಅಗಲಿದರೆಂದು ಊಹಿಸಬಹುದು. ‘ಬ್ಯಾರೆ ಇಟ್ಟಾರ’ ಎಂದರೆ ಹಿರಿಯರು ನಾಲ್ಕು ಪಾತ್ರೆ, ಒಂದು ಚೀಲ ಜೋಳ ಕೊಟ್ಟು, ಮಗಸೊಸೆಯರನ್ನು ಪಕ್ಕದ ಅಂಕಣದಲ್ಲಿ ನೆಲೆಗೊಳಿಸಿದರೆಂದರ್ಥ. ‘ಬ್ಯಾರೆ ಹಾಕ್ಯಾರ’ ಎಂಬಲ್ಲಿ ಕೋಪದ ವಾಸನೆ ಇದೆ. ‘ಬ್ಯಾರೆ ಅದಾರ’ ಎಂಬುದೋ, ಎಲ್ಲ ಮನಸ್ತಾಪವೂ ತಣಿದು, ಹಬ್ಬದ ಹೋಳಿಗೆ ಈ ಮನೆಯಿಂದ ಆ ಮನೆಗೆ ಹೋಗಿಬರತೊಡಗಿದ ಮೇಲಿನ ಶಾಂತವಾದ ವರ್ತಮಾನಕಾಲ.

ಮರದ ಬೇರಿಗೂ ಈ ಬೇರೆಗೂ ನಂಟು ಕಲ್ಪಿಸಿ ರಮ್ಯವಾದ ಅರ್ಥವನ್ನು ಹೊಸೆಯಬೇಕೆಂಬ ಆಸೆ ಯಾರಿಗಾದರೂ ಹುಟ್ಟೀತು. ಆದರೆ ಭಾಷೆಯ ಚರಿತ್ರೆ ಅದಕ್ಕೆ ಸಮ್ಮತಿಸದು. ಹಳಗನ್ನಡದಲ್ಲಿ ಮರದ ಬೇರು ಸಾಮಾನ್ಯ ರೇಫದ್ದು, ‘ಬೇಱೆ’ ಶಕಟರೇಫದ್ದು. ತಮಿಳು ಈ ಎರಡು ರಕಾರಗಳನ್ನು ಇಂದಿಗೂ ಬರವಣಿಗೆಯಲ್ಲಿ ಕಾಪಾಡಿಕೊಂಡು ಬಂದಿದೆ, ನಾವು ಒಂದನ್ನು ಕಳೆದುಕೊಂಡೆವು. ಆದುದರಿಂದ ಬೇರನ್ನು ಅದರ ಪಾಡಿಗೆ ಬಿಟ್ಟು, ಈ ಶಬ್ದದಲ್ಲಿಯೇ ಇರುವ ಮತ್ತೊಂದು ವಿಚಿತ್ರವನ್ನು ನೋಡುವುದು ಲೇಸು. ‘ಮಳೆ ಕೈಕೊಟ್ಟಿತು, ಸಾಲ ಬೇರೆ’ ಎನ್ನುತ್ತಾನೆ ರೈತ. ಇಲ್ಲಿ ಬೇರೆ ಎಂದರೆ ಪ್ರತ್ಯೇಕವಲ್ಲ, ಸಾಲದುದಕ್ಕೆ ಮತ್ತೂ ಒಂದು ಎಂದು. ಕಳೆಯುವುದಕ್ಕೂ ಕೂಡಿಸುವುದಕ್ಕೂ ನಮ್ಮ ಜನ ಒಂದೇ ಮಾತನ್ನು ಇಟ್ಟುಕೊಂಡಿರುವರು. ಮನೆಯಿಂದ ಬೇರೆಯಾದವನನ್ನು ಅವರು ಕಾಣುವ ಬಗೆಯೂ ಬಹುಮಟ್ಟಿಗೆ ಹೀಗೆಯೇ. ಅವನು ಹೋದವನಲ್ಲ, ಊರಿನ ಲೆಕ್ಕಕ್ಕೆ ಸೇರಿದ ಇನ್ನೊಂದು ಒಲೆ.

ಒಲೆಯೇ ಅಳತೆ ಎಂಬುದು ಹಳ್ಳಿಗರ ಕಲ್ಪನೆಯಷ್ಟೇ ಅಲ್ಲ. ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಇಂದಿನ ಬೀದರ ಜಿಲ್ಲೆಯ ಕಲ್ಯಾಣದಲ್ಲಿದ್ದು ಮಿತಾಕ್ಷರವನ್ನು ರಚಿಸಿದ ವಿಜ್ಞಾನೇಶ್ವರನು ದಾಯವಿಭಾಗವನ್ನು ಎಷ್ಟು ಸೂಕ್ಷ್ಮವಾಗಿ ವಿವೇಚಿಸಿದನೆಂದರೆ, ಹಿಂದೂಸ್ಥಾನದ ಬಹುಭಾಗದ ನ್ಯಾಯಾಲಯಗಳು ಅನೇಕ ಶತಮಾನಗಳ ಅನಂತರವೂ ಅವನ ಮಾತನ್ನೇ ಪ್ರಮಾಣವಾಗಿ ಹಿಡಿದವು. ವಿಭಾಗವಾಗಿದೆಯೋ ಇಲ್ಲವೋ ಎಂಬ ಸಂಶಯ ಬಂದಾಗ ಅದನ್ನು ನಿರ್ಣಯಿಸಲು ಸ್ಮೃತಿಕಾರರು ಹೇಳುವ ಕುರುಹುಗಳಲ್ಲಿ ಪ್ರತ್ಯೇಕವಾದ ಮನೆ, ಹೊಲ, ಆಯವ್ಯಯಗಳೊಡನೆ ಪ್ರತ್ಯೇಕವಾದ ಪಾಕವೂ ಸೇರಿರುವುದು. ಈಗಿನ ನ್ಯಾಯಾಧೀಶರು ಇಷ್ಟು ಉದಾರಿಗಳಲ್ಲ. ಒಲೆ ಬೇರೆಯಾದ ಮಾತ್ರಕ್ಕೆ ಆಸ್ತಿ ವಿಭಾಗವಾಯಿತೆಂದು ಅವರು ಒಪ್ಪರು. ಹೀಗಾಗಿ ಲಿಂಗಸುಗೂರಿನ ಕಚೇರಿಯ ಮುಂದಿನ ಮರದಡಿಯಲ್ಲಿ ಕುಳಿತವರ ಬಾಯಲ್ಲಿ ‘ಬ್ಯಾರೆ ಆಗು’ ಎಂಬ ಅಚ್ಚಗನ್ನಡಕ್ಕೆ ನಿಜಾಮರ ಆಡಳಿತ ಬಿಟ್ಟುಹೋದ ‘ಹಿಸ್ಸೆ’ಯೂ ಸರ್ವೆಯವರ ‘ಪೋಡಿ’ಯೂ ಬಂದು ಸೇರಿಕೊಳ್ಳುವುವು. ಒಲೆಯನ್ನು ಒಂದು ಸಂಜೆಯಲ್ಲಿ ಬೇರೆ ಹೂಡಬಹುದು. ಪೋಡಿಯಾಗುವುದಕ್ಕೆ ಅಪ್ಪನ ಕಾಲ ಮುಗಿದು ಮಗನ ಕಾಲ ಬರಬೇಕಾದೀತು.

ಊರುಗಳೂ ಬೇರೆಯಾಗುತ್ತವೆ, ಅದಕ್ಕೂ ಜನರಲ್ಲಿರುವ ಮಾತು ಇದೇ. ಮಸ್ಕಿಯು ಈಚಿನ ವರ್ಷಗಳಲ್ಲಿ ಪ್ರತ್ಯೇಕ ತಾಲ್ಲೂಕಾಗಿ, ಲಿಂಗಸುಗೂರು, ಸಿಂಧನೂರು, ಮಾನ್ವಿಗಳಿಂದ ತನ್ನ ಪಾಲಿನ ಹಳ್ಳಿಗಳನ್ನು ಪಡೆಯಿತು. ಲಿಂಗಸುಗೂರು ಮಾತ್ರ ಇದಕ್ಕೆ ವಿರುದ್ಧವಾದ ಅನುಭವವನ್ನು ಕಂಡ ಊರು: ಹೈದರಾಬಾದು ಸಂಸ್ಥಾನದಲ್ಲಿ ತಾನೇ ಒಂದು ಜಿಲ್ಲೆಯ ಮುಖ್ಯಸ್ಥಳವಾಗಿದ್ದು, 1905ರಲ್ಲಿ ರಾಯಚೂರಿನೊಳಗೆ ಲೀನವಾಯಿತು. ಬೇರೆಯಾದವರು ಮತ್ತೆ ಕೂಡುವುದು ಮನೆತನಗಳಲ್ಲಿ ಅಪೂರ್ವ, ಸರಕಾರಗಳಲ್ಲಿ ಸಾಮಾನ್ಯ.

ಆದರೆ ಬೇರೆಯಾದವನು ಬದುಕುವನೇ ಎಂಬ ಪ್ರಶ್ನೆಗೆ ಉತ್ತರವನ್ನು ಅವನ ಧೈರ್ಯದಲ್ಲಿ ಹುಡುಕುವುದಕ್ಕಿಂತ ಅವನ ನೆಲದಲ್ಲಿ ಹುಡುಕುವುದು ಯುಕ್ತವೆಂದು ನನ್ನ ಮತ. 1953ರಲ್ಲಿ ಪೂರ್ಣಗೊಂಡ ತುಂಗಭದ್ರಾ ಅಣೆಕಟ್ಟಿನ ಎಡದಂಡೆಯ ಕಾಲುವೆ ಸಿಂಧನೂರಿನ ಎರೆಯ ಭೂಮಿಯನ್ನು ಗದ್ದೆಯಾಗಿ ಮಾಡಿತು. ನೀರುಂಡ ಸ್ವಲ್ಪ ನೆಲದಲ್ಲಿಯೇ ಒಂದು ಹೊಸ ಸಂಸಾರ ಹೇಗೋ ನಿಂತೀತು. ಆ ನೀರನ್ನು ನಂಬಿ ಆಂಧ್ರದ ಕಡೆಯಿಂದ ಬಂದವರು ‘ಕ್ಯಾಂಪು’ಗಳನ್ನು ಕಟ್ಟಿಕೊಂಡರು, ಪೂರ್ವ ಪಾಕಿಸ್ತಾನದಿಂದ ಎಲ್ಲವನ್ನೂ ಬಿಟ್ಟುಬಂದ ಬಂಗಾಳಿ ನಿರಾಶ್ರಿತರನ್ನು ಸರಕಾರವು ಇದೇ ತಾಲ್ಲೂಕಿನ ಆರ್.ಎಚ್. ಕ್ಯಾಂಪುಗಳಲ್ಲಿ ನೆಲೆಗೊಳಿಸಿತು, ಅಲ್ಲಿ ಈಗಲೂ ದುರ್ಗಾಪೂಜೆ ನಡೆಯುತ್ತದೆ. ಮಸ್ಕಿ, ಲಿಂಗಸುಗೂರುಗಳ ಒಣಬೇಸಾಯದ ಹೊಲದ ಕಥೆ ಅನ್ಯ. ಅಲ್ಲಿ ತೊಗರಿ, ಸಜ್ಜೆ, ಬಿಳಿಜೋಳಗಳ ಭಾಗ್ಯವೆಲ್ಲ ಮಳೆಯ ಕೈಯಲ್ಲಿ. ನಾಲ್ವರು ಅಣ್ಣತಮ್ಮಂದಿರು ಹಂಚಿಕೊಂಡ ಮೇಲೆ ಪ್ರತಿಯೊಬ್ಬನ ಪಾಲಿಗೆ ಬರುವುದು ಒಂದು ಜೋಡಿ ಎತ್ತನ್ನು ಸಾಕಲಾರದ ತುಂಡು. ಅಂಥವನು ಬೇರೆಯಾದ ಮರುವರ್ಷವೇ ಹೆಂಡತಿಮಕ್ಕಳೊಡನೆ ಬೆಂಗಳೂರಿನ ಬಸ್ಸನ್ನು ಏರಿದರೆ ಊರಿನವರು ಅದಕ್ಕೆ ‘ಗುಳೆ’ ಎಂಬ ಪ್ರಾಚೀನವೂ ದಾರುಣವೂ ಆದ ಹೆಸರನ್ನು ಕೊಡುವರು. ಕಟ್ಟುತ್ತಿರುವ ಯಾರದೋ ಮಹಡಿಯ ಕೆಳಗೆ ಮೂರು ಕಲ್ಲುಗಳನ್ನಿಟ್ಟು ಹೊತ್ತಿಸಿದ ಒಲೆಯೇ ಅವನ ಸ್ವತಂತ್ರ ಸಂಸಾರದ ಆರಂಭ.

ತಮ್ಮ ಕೈಯ ದುಡಿಮೆಯಿಂದಲೇ ಬಾಳುವೆವೆಂದು ಹಟ ಹಿಡಿದ ಒಂದು ದಂಪತಿಯೂ ಇದೇ ಸೀಮೆಯಿಂದ ಹೋದವರು. ಲಿಂಗಸುಗೂರು ತಾಲ್ಲೂಕಿನ ಅಮರೇಶ್ವರದ ಮಾರಯ್ಯ ಮತ್ತು ಲಕ್ಕಮ್ಮ ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣಕ್ಕೆ ಹೋಗಿ, ಚೆಲ್ಲಿದ ಅಕ್ಕಿಯನ್ನು ಆಯ್ದು ಜೀವಿಸಿದರು. ಒಂದು ದಿನ ಗಂಡನು ಎಂದಿಗಿಂತ ಹೆಚ್ಚು ತಂದಾಗ, ಅಧಿಕವಾದುದನ್ನು ತಂದಲ್ಲಿಯೇ ಸುರಿದು ಬರಬೇಕೆಂದು ಹೆಂಡತಿ ವಿಧಿಸಿದಳೆಂದು ಶರಣಪರಂಪರೆ ಹೇಳುತ್ತದೆ. ಇದನ್ನು ಸಾಮಾನ್ಯವಾಗಿ ನಿರಾಸೆಯ ದೃಷ್ಟಾಂತವಾಗಿ ಬೋಧಿಸುವರು. ನನಗಾದರೋ ಇದು ಸ್ವಾಭಿಮಾನಿಯಾದ ಒಬ್ಬ ಗೃಹಿಣಿಯ ಲೆಕ್ಕಾಚಾರವಾಗಿಯೂ ಕಾಣುವುದು: ಪರರ ಉಗ್ರಾಣದ ಧಾರಾಳ ತನ್ನ ಅಡಿಗೆಮನೆಗೆ ಬಂದ ದಿನ ಆ ಮನೆ ತನ್ನದಾಗಿ ಉಳಿಯದೆಂಬುದನ್ನು ಅವಳು ಬಲ್ಲಳು.

ಹೀಗೆ ಒಲೆಯ ಒಡೆತನ ಸದಾ ಹೆಂಗಸಿನದೇ ಆದರೂ, ಬೇರೆಯಾಗುವ ಹಕ್ಕಿನ ಮಾತು ಬಹುಕಾಲ ಗಂಡಸಿನದಾಗಿತ್ತು. ಕರ್ನಾಟಕವು 1994ರಲ್ಲಿ ಕಾಯಿದೆಯನ್ನು ತಿದ್ದಿ ಮಗಳಿಗೂ ಪಿತ್ರಾರ್ಜಿತದಲ್ಲಿ ಮಗನಂತೆಯೇ ಪಾಲುಂಟೆಂದು ಸಾರಿತು. ಆದರೂ ಗಂಡನನ್ನು ಬಿಟ್ಟುಬಂದು ತಾನೇ ದುಡಿದು ಬಾಳುತ್ತಿರುವ ಹೆಣ್ಣನ್ನು ಕುರಿತು ‘ಬ್ಯಾರೆ ಅದಾಳ’ ಎಂದು ಗೌರವದಿಂದ ಹೇಳುವ ರೂಢಿ ಇನ್ನೂ ಬೇರೂರಿಲ್ಲ, ಅವಳಿಗೆಂದು ಇರುವ ಮಾತುಗಳೆಲ್ಲ ಕರುಣೆಯವು ಅಥವಾ ಕೊಂಕಿನವು. ಈಚೆಗೆ ಸರಕಾರವೇ ಹೊಸ ಅಳತೆಗೋಲನ್ನು ತಂದಿದೆ. 2023ರ ಗೃಹಲಕ್ಷ್ಮಿ ಯೋಜನೆಯ ಎರಡು ಸಾವಿರ ರೂಪಾಯಿ ಪಡಿತರ ಚೀಟಿಯಲ್ಲಿ ಯಜಮಾನಿಯೆಂದು ಬರೆದಿರುವ ಒಬ್ಬಳಿಗೆ ಸಲ್ಲುವುದರಿಂದ, ಅತ್ತೆಯೋ ಸೊಸೆಯೋ ಎಂಬ ಪ್ರಶ್ನೆ ಹುಟ್ಟಿ, ‘ಕಾರ್ಡ್ ಬ್ಯಾರೆ ಮಾಡಸ್ರಿ’ ಎಂಬ ನವೀನ ಪ್ರಯೋಗವೂ ಬಳಕೆಗೆ ಬಂದಿದೆ. ಒಂದೇ ಒಲೆ, ಎರಡು ಚೀಟಿ; ಸ್ಮೃತಿಕಾರರಿಗೆ ಇದು ತೋಚಿರಲಿಲ್ಲ.

ಇದರ ವಿಪರ್ಯಯವೂ ಮಸ್ಕಿಯ ಸುತ್ತಲಿನ ಹಳ್ಳಿಗಳಲ್ಲಿ ಉಂಟು. ಮಗ, ಸೊಸೆ, ಮೊಮ್ಮಕ್ಕಳೆಲ್ಲ ಗುಳೆ ಹೋಗಿ, ಚೀಟಿಯಲ್ಲಿ ಎಲ್ಲರ ಹೆಸರೂ ಹಾಗೆಯೇ ಇದ್ದು, ಮುದುಕಿಯೊಬ್ಬಳು ತನ್ನೊಬ್ಬಳಿಗೆ ಎರಡು ರೊಟ್ಟಿ ಬಡಿದುಕೊಂಡು, ಜ್ವರ ಬಂದರೆ ತಾನೇ ಎದ್ದು ನೀರು ಕಾಯಿಸಿಕೊಂಡು ಆರೆಂಟು ತಿಂಗಳನ್ನು ಕಳೆಯುವಳು. ಪಾಕವು ಬೇರೆ, ಆಯವ್ಯಯ ಬೇರೆ, ವಾಸ ಬೇರೆ. ಸ್ಮೃತಿಕಾರರ ಬಹುತೇಕ ಲಕ್ಷಣಗಳು ಅವಳಲ್ಲಿ ಸಲ್ಲುತ್ತವೆ. ಆದರೂ ಯಾರೂ ಅವಳನ್ನು ಬೇರೆ ಇರುವಳೆನ್ನರು. ಕೇಳಿದರೆ ‘ಮುದುಕಿ ಮನಿ ಕಾಯ್ತದ’ ಎನ್ನುವರು, ಅವಳೂ ಹಾಗೆಯೇ ಹೇಳುವಳು.